ಹುಲ್ಲುಬನ್ನಿ ಯಾರಪ್ಪನ ಸ್ವತ್ತು?

ಹೇಮಾವತಿ ದಡದ ಹೇಮಗಿರಿಯ ದನಗಳ ಜಾತ್ರೆಯನ್ನು ಅರಿಯದ ವರ್ತಕ ಕೃಷ್ಣರಾಜಪೇಟೆಯಲ್ಲಿಲ್ಲ. ಹಳ್ಳಿಕಾರ್ ಜೋಡಿಗೆ ಗಿರಾಕಿ ಬಂದರೆ ಹಗ್ಗ, ಗೆಜ್ಜೆ, ಲಾಳ, ಪುರಿ ಮಾರುವವನ ಒಲೆಯೂ ಉರಿಯುತ್ತದೆ. ಆ ಎತ್ತು ಮೇದು ಬೆಳೆಯುವುದೆಲ್ಲಿ? ಗೋಮಾಳದಲ್ಲಿ, ಹುಲ್ಲುಬನ್ನಿಯಲ್ಲಿ. ಅದೇ ಹೋದ ಮೇಲೆ ಜಾತ್ರೆ ಎಲ್ಲಿಂದ ಬಂದೀತು?

ಕಾನೂನಿಗೇನೂ ಕೊರತೆಯಿಲ್ಲ. 1964ರ ಭೂಕಂದಾಯ ಕಾಯಿದೆ ಹಳ್ಳಿಯ ದನಗಳಿಗೆ ಉಚಿತ ಮೇವಿನ ನೆಲವನ್ನು ಮೀಸಲಿಡುತ್ತದೆ. ಅದರ ನಿಯಮದ ಲೆಕ್ಕ 100 ರಾಸುಗಳಿಗೆ 30 ಎಕರೆ. ನಕ್ಷೆಯ ಬಂಡಿದಾರಿ, ಕಾಲುದಾರಿ, ಹಳ್ಳಗಳು ‘ಬಿ’ ಖರಾಬು. ಎಂದರೆ ಸರ್ವರ ಸ್ವತ್ತು. ಹಳ್ಳಿಗಳ ಸಾಮುದಾಯಿಕ ಭೂಮಿಯ ಒತ್ತುವರಿ ತೆರವು ಮಾಡಿರೆಂದು ಸುಪ್ರೀಂ ಕೋರ್ಟು 2011ರಲ್ಲಿಯೇ ರಾಜ್ಯಗಳಿಗೆ ಆಜ್ಞೆ ಮಾಡಿದೆ. ಕಾಗದ ಇಷ್ಟೆಲ್ಲ ಹೇಳುತ್ತದೆ. ಮುಳ್ಳುತಂತಿ ಬೇರೆಯೇ ಹೇಳುತ್ತದೆ!

ಒಂದೆಕರೆ ಬಗರ್‌ಹುಕುಂ ಉತ್ತು ಹೊಟ್ಟೆ ಹೊರೆಯುವ ಬಡವನ ಮೇಲೆ ನಮ್ಮ ಕೋಪವಿಲ್ಲ. ಅವನ ಹೆಸರು ಮುಂದಿಟ್ಟು ಹತ್ತಾರು ಎಕರೆ ನುಂಗಿ, ದಾರಿಗೆ ಬೇಲಿ ಬಿಗಿದು, ನಿವೇಶನ ಹಂಚುವ ಉಳ್ಳವರ ಮೇಲೆ ನಮ್ಮ ಕೋಪ. ಸರ್ಕಾರವೂ ಹಿಂದುಳಿದಿಲ್ಲ. ಚಳ್ಳಕೆರೆ ಸೀಮೆಯ ಅಮೃತಮಹಲ್ ಕಾವಲುಗಳಲ್ಲಿ ಸಾವಿರಾರು ಎಕರೆಯನ್ನು ದೊಡ್ಡ ಸಂಸ್ಥೆಗಳಿಗೆ ಕೊಟ್ಟು ಗೋಡೆ ಎಬ್ಬಿಸಿದಾಗ, ಕುರಿ ಕಾಯುವವನನ್ನು ಕೇಳಿದವರಾರು?

ಬೆಂಗಳೂರಿನ ಪಕ್ಕದ ಹೆಸರಘಟ್ಟದ ಹುಲ್ಲುಗಾವಲನ್ನು ನೋಡಿ. 2021ರಲ್ಲಿ ಬೇಡವೆಂದ ವನ್ಯಜೀವಿ ಮಂಡಳಿ, 2024ರಲ್ಲಿ ಅದನ್ನು ಸಂರಕ್ಷಣಾ ಮೀಸಲು ಮಾಡಲು ಒಪ್ಪಿತು. ಜನ ಬಿಡದೆ ಕೇಳಿದರೆ ಸರ್ಕಾರ ಮಣಿಯುತ್ತದೆಂಬುದಕ್ಕೆ ಇದೇ ಸಾಕ್ಷಿ. ಇಂಥ ಮೀಸಲನ್ನು ಸ್ಥಳೀಯರೊಡನೆ ಸಮಾಲೋಚಿಸಿಯೇ ಘೋಷಿಸಬೇಕು, ಅದರ ಸಮಿತಿಯಲ್ಲಿ ಪಂಚಾಯಿತಿಯ ಪ್ರತಿನಿಧಿ ಇರಬೇಕು ಎನ್ನುತ್ತದೆ ಕಾಯಿದೆ. ಹಕ್ಕಿಗೂ ಹುಲ್ಲು ಬೇಕು, ಹಸುವಿಗೂ ಬೇಕು. ಹಕ್ಕಿಯ ಹೆಸರಿನಲ್ಲಿ ಹಸುವನ್ನು ಓಡಿಸುವ ಮೀಸಲು ನಮಗೆ ಬೇಡ.

ಗಿರಣಿಯ ಗೆಳೆಯರೇ, ಇದು ರೈತರ ಗೋಳೆಂದು ಕೈಕಟ್ಟಿ ಕೂರಬೇಡಿ. ಊರಿನಲ್ಲಿ ಒಂದು ಹಸು ಕಟ್ಟಿ, ಡೇರಿಗೆ ಹಾಲು ಹಾಕಿ ಬದುಕುವ ನಿಮ್ಮ ತಾಯಿಗೆ ಜಮೀನೆಲ್ಲಿದೆ? ನೆಲವಿಲ್ಲದವರಿಗೆ ಗೋಮಾಳವೇ ನೆಲ.

ನಾವು ಕೇಳುವುದಿಷ್ಟೆ: ಪ್ರತಿ ಹಳ್ಳಿಯ ಗೋಮಾಳ, ಹುಲ್ಲುಬನ್ನಿ, ದಾರಿಗಳನ್ನು ಅಳೆದು ಕಲ್ಲು ನೆಡಿ. ಪಟ್ಟಿಯನ್ನು ಪಂಚಾಯಿತಿ ಗೋಡೆಗೆ ಅಂಟಿಸಿ. ಮುಚ್ಚಿದ ದಾರಿಯನ್ನು ತೆರೆಸಿ. 1951ರಲ್ಲಿ ಕಾಗೋಡಿನ ಗೇಣಿದಾರರು ಉಳುವ ಹಕ್ಕಿಗಾಗಿ ಜೈಲಿಗೆ ಹೋದರು. ಮೇಯಿಸುವ ಹಕ್ಕಿಗಾಗಿ, ನಡೆದಾಡುವ ಹಕ್ಕಿಗಾಗಿ ನಾವು ತಾಲ್ಲೂಕು ಕಚೇರಿಯ ಮೆಟ್ಟಿಲವರೆಗಾದರೂ ಹೋಗಬಾರದೆ?