ಸತ್ತವರ ಸುದ್ದಿಯಾಯಿತು, ಗಾಯಗೊಂಡವರ ಗತಿ?

2024ರ ಜೂನ್ 28ರ ನಸುಕಿನಲ್ಲಿ ಬ್ಯಾಡಗಿ ತಾಲ್ಲೂಕಿನ ಗುಂಡೇನಹಳ್ಳಿ ಕ್ರಾಸ್ ಬಳಿ, ಹೆದ್ದಾರಿಯಲ್ಲಿ ನಿಂತಿದ್ದ ಲಾರಿಗೆ ಟೆಂಪೊ ಟ್ರಾವೆಲರ್ ಹಿಂದಿನಿಂದ ಗುದ್ದಿತು. ದೇವಿಯ ದರ್ಶನ ಮುಗಿಸಿ ಊರಿಗೆ ಮರಳುತ್ತಿದ್ದ 13 ಮಂದಿ ತೀರಿಕೊಂಡರು. ಭದ್ರಾವತಿ ತಾಲ್ಲೂಕಿನ ಎಮ್ಮೆಹಟ್ಟಿ ಸ್ಮಶಾನ ಮೌನಕ್ಕೆ ಜಾರಿತು. ಪ್ರಧಾನಿ ಪರಿಹಾರ ನಿಧಿಯಿಂದ ಮೃತರ ಕುಟುಂಬಕ್ಕೆ ತಲಾ 2 ಲಕ್ಷ, ಗಾಯಾಳುಗಳಿಗೆ ತಲಾ 50 ಸಾವಿರ ರೂಪಾಯಿ ಘೋಷಣೆಯಾಯಿತು. ಹದಿಮೂರು ಎಂಬ ಅಂಕಿ ನಾಡಿಗೆಲ್ಲ ನೆನಪಿದೆ. ಬದುಕುಳಿದವರು ಈಗ ಹೇಗಿದ್ದಾರೆ ಎಂದು ಕೇಳಿದವರು ಎಷ್ಟು ಜನ?

ರಾಣೆಬೆನ್ನೂರು, ಮೋಟೆಬೆನ್ನೂರು, ಹಾವೇರಿ, ಶಿಗ್ಗಾವಿ ದಾಟಿ ಹೋಗುವ ಈ ಹೆದ್ದಾರಿಯಲ್ಲಿ ಕೈಕಾಲು ಕಳೆದುಕೊಂಡವರು ನಮ್ಮ ಹಳ್ಳಿ ಹಳ್ಳಿಯಲ್ಲಿದ್ದಾರೆ. ಅವರಿಗೆ ಸಲ್ಲಬೇಕಾದ ಪರಿಹಾರ ಯಾರ ದಾನವೂ ಅಲ್ಲ. ಮೋಟಾರು ವಾಹನ ಕಾಯ್ದೆ ಕೊಟ್ಟ ಹಕ್ಕು ಅದು. ಆ ಹಕ್ಕು ಇಂದು ಕೈ ಚಾಚಿ ಬೇಡಿದರೂ ಸಿಗದ ಭಿಕ್ಷೆಯಾಗಿದೆ.

ಲೆಕ್ಕ ಹಾಕುವ ಬಗೆಯನ್ನೇ ನೋಡಿ. ಬ್ಯಾಡಗಿಯ ಮೆಣಸಿನಕಾಯಿ ಮಾರುಕಟ್ಟೆಯಲ್ಲಿ ಚೀಲ ಹೊರುವ ಹಮಾಲರೊಬ್ಬರಿದ್ದಾರೆ ಎಂದುಕೊಳ್ಳೋಣ. ವಯಸ್ಸು 38, ತಿಂಗಳ ದುಡಿಮೆ 12 ಸಾವಿರ. ಲಾರಿ ಗುದ್ದಿ ತೊಡೆಯ ಮೂಳೆ ಮುರಿಯಿತು, ಒಳಗೆ ರಾಡ್ ಹಾಕಿದರು. ಕಾಲಿನ ಊನ ಶೇ 45 ಎಂದು ವೈದ್ಯರು ಬರೆದುಕೊಟ್ಟರು. ಅದರ ಮೂರನೇ ಒಂದು ಭಾಗವನ್ನು ಇಡೀ ದೇಹದ ಊನವೆಂದು ಹಿಡಿಯುವುದು ನಮ್ಮ ಅಪಘಾತ ಪರಿಹಾರ ನ್ಯಾಯಮಂಡಳಿಗಳಲ್ಲಿ ಬೇರೂರಿದ ರೂಢಿ. 45 ಇದ್ದದ್ದು 15 ಆಯಿತು. ವರ್ಷದ ಆದಾಯ 1,44,000. ಅದನ್ನು ಗುಣಿಸಲು ಆ ವಯಸ್ಸಿಗೆ ನಿಗದಿಯಾದ ಗುಣಕ 15. ಎರಡನ್ನೂ ಗುಣಿಸಿ ಬಂದದ್ದರಲ್ಲಿ ಶೇ 15 ಎಂದರೆ 3,24,000 ರೂಪಾಯಿ. ಆಸ್ಪತ್ರೆ ಖರ್ಚು, ನೋವಿನ ಬಾಬ್ತು ಬೇರೆ ಸೇರುತ್ತವೆ, ನಿಜ. ಆದರೆ ಆ ಮನುಷ್ಯ ಇನ್ನು ಬದುಕಿರುವತನಕ ಬೆನ್ನ ಮೇಲೆ ಚೀಲ ಹೊರಲಾರ! ಗಳಿಕೆಯ ಶಕ್ತಿಯಲ್ಲಿ ಶೇ 60 ಹೋಗಿದೆ ಎಂದು ಒಪ್ಪಿದರೆ ಅದೇ ಲೆಕ್ಕ 12,96,000 ಆಗುತ್ತದೆ. ಕಾಲು ಅದೇ, ಕಾನೂನು ಅದೇ. ಒಂದು ಕುಟುಂಬದ ಅನ್ನ ಮಾತ್ರ ನಾಲ್ಕರಲ್ಲಿ ಒಂದು ಪಾಲಿಗೆ ಇಳಿಯಿತು.

ಇದು ತಪ್ಪೆಂದು ಸುಪ್ರೀಂ ಕೋರ್ಟ್ 2010ರಲ್ಲೇ, ರಾಜ್‌ಕುಮಾರ್ ವಿರುದ್ಧ ಅಜಯ್ ಕುಮಾರ್ ಪ್ರಕರಣದಲ್ಲಿ, ಬಿಡಿಸಿ ಹೇಳಿದೆ. ಎಡಗೈ ಹೋದ ಗುಮಾಸ್ತ ಕೆಲಸದಲ್ಲಿ ಉಳಿಯಬಹುದು, ಡ್ರೈವರನಿಗೋ ಬಡಗಿಗೋ ಅದು ಸಂಪಾದನೆಯೆಲ್ಲ ಹೋದಂತೆ. ಮೂಳೆಯ ಊನವನ್ನಲ್ಲ, ದುಡಿಮೆಯ ನಷ್ಟವನ್ನು ಅಳೆಯಿರಿ ಎಂಬುದು ಆ ತೀರ್ಪಿನ ತಿರುಳು. ಇಷ್ಟು ವರ್ಷಗಳಾದರೂ ಮೂರನೇ ಒಂದರ ಭಾಗಾಕಾರ ನಿಂತಿಲ್ಲ. ಅದನ್ನು ಸರಿಪಡಿಸಿಕೊಳ್ಳಲು ಹಮಾಲ ಧಾರವಾಡದ ಹೈಕೋರ್ಟ್ ಪೀಠದ ಮೆಟ್ಟಿಲು ಹತ್ತಬೇಕು.

ಕೂಲಿಯವರ ಪಾಡು ಇನ್ನೂ ಕಷ್ಟ. ಬಿತ್ತನೆ, ಕಳೆ, ಕೊಯ್ಲಿನ ದಿನಗಳಲ್ಲಿ ಬೆಳ್ಳಂಬೆಳಿಗ್ಗೆ ಹೆಣ್ಣಾಳುಗಳನ್ನು ಗೂಡ್ಸ್ ಟೆಂಪೊದಲ್ಲಿ, ಟ್ರ್ಯಾಕ್ಟರ್ ಟ್ರೇಲರಿನಲ್ಲಿ ನಿಲ್ಲಿಸಿಕೊಂಡು ಒಯ್ಯುವುದು ಇಲ್ಲಿ ದಿನನಿತ್ಯದ ನೋಟ. ಆ ಗಾಡಿ ಪಲ್ಟಿಯಾದರೆ, ಸರಕು ವಾಹನದಲ್ಲಿ ಸುಮ್ಮನೆ ಹತ್ತಿ ಬಂದವರಿಗೆ ನಾವು ಹೊಣೆಯಲ್ಲ ಎಂದು ವಿಮಾ ಕಂಪನಿ ಕೈತೊಳೆದುಕೊಳ್ಳುತ್ತದೆ. ಆಶಾ ರಾಣಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ ಮಾತು ಅದರ ಬೆನ್ನಿಗಿದೆ. ಆಗ ಆದೇಶ ಗಾಡಿಯ ಮಾಲೀಕನ ಮೇಲೆ. ಸಾಲ ಮಾಡಿ ಟ್ರ್ಯಾಕ್ಟರ್ ತಂದವನ ಬಳಿ ವಸೂಲಿ ಮಾಡುವುದಾದರೂ ಏನನ್ನು?

ನಿಯಮಗಳಿಗೆ ಬರವಿಲ್ಲ. 2022ರ ಏಪ್ರಿಲ್ 1ರಿಂದ ಜಾರಿಯಾದ ನಿಯಮದಂತೆ ತನಿಖಾಧಿಕಾರಿ 48 ಗಂಟೆಯೊಳಗೆ ಅಪಘಾತದ ಮೊದಲ ವರದಿಯನ್ನು ನ್ಯಾಯಮಂಡಳಿಗೂ ವಿಮಾ ಕಂಪನಿಗೂ ಕಳಿಸಬೇಕು, 90 ದಿನದಲ್ಲಿ ವಿವರವಾದ ವರದಿ ಸಲ್ಲಿಸಬೇಕು. ಗಾಯಾಳುವಿನ ಹಕ್ಕುಗಳೇನು ಎಂದು ತಿಳಿಸುವ ನಮೂನೆ 2 ಅನ್ನು 10 ದಿನದೊಳಗೆ ಅವರ ಕೈಗಿಡಬೇಕು. 2025ರ ಮೇ ತಿಂಗಳಿಂದ ಏಳು ದಿನಗಳವರೆಗೆ 1.5 ಲಕ್ಷ ರೂಪಾಯಿಯ ನಗದುರಹಿತ ಚಿಕಿತ್ಸೆಯ ಯೋಜನೆಯೂ ಇದೆ. ಹಾವೇರಿಯ ಯಾವ ಹಳ್ಳಿಯ ಕಟ್ಟೆಯ ಮೇಲಾದರೂ ಕೂತು ಕೇಳಿ, ನಮೂನೆ 2 ಕಂಡವರು ಸಿಕ್ಕರೆ ನಮಗೂ ತಿಳಿಸಿ.

ಸರ್ಕಾರದ ಕಾಗದ ತಲುಪದ ಹಾಸಿಗೆಯ ಬಳಿಗೆ ದಲ್ಲಾಳಿ ಮಾತ್ರ ತಲುಪುತ್ತಾನೆ. ಗಾಯದ ಸರ್ಟಿಫಿಕೇಟ್, ಪಂಚನಾಮೆ, ಎಫ್‌ಐಆರ್ ಪ್ರತಿ ಎಲ್ಲ ತಾನೇ ತರುತ್ತೇನೆಂದು ಖಾಲಿ ಹಾಳೆಗೆ ಹೆಬ್ಬೆಟ್ಟು ಒತ್ತಿಸಿಕೊಳ್ಳುತ್ತಾನೆ. ಕೊನೆಗೆ ಬಂದ ಹಣದಲ್ಲಿ ಅವನದೊಂದು ಪಾಲು. ಇದನ್ನು ಊರೆಲ್ಲ ಬಲ್ಲದು, ಯಾರೂ ತಡೆದಿಲ್ಲ. ಮನುಷ್ಯನ ಮುರಿದ ಕಾಲಿನ ಮೇಲೆ ನಡೆಯುವ ಈ ವ್ಯಾಪಾರಕ್ಕಿಂತ ಹೀನವಾದದ್ದು ಇನ್ನೊಂದಿಲ್ಲ.

ಜಿಲ್ಲಾಡಳಿತ ಮತ್ತು ಪೊಲೀಸ್ ಇಲಾಖೆ ಮಾಡಬೇಕಾದ್ದು ಕಷ್ಟದ್ದೇನಲ್ಲ. ಹಾವೇರಿ, ರಾಣೆಬೆನ್ನೂರು, ಬ್ಯಾಡಗಿಯ ಸರ್ಕಾರಿ ಆಸ್ಪತ್ರೆಗಳ ವಾರ್ಡಿನ ಗೋಡೆಗೆ ನಮೂನೆ 2 ಅನ್ನು ಕನ್ನಡದಲ್ಲಿ ದೊಡ್ಡ ಅಕ್ಷರದಲ್ಲಿ ಬರೆಸಲಿ. 48 ಗಂಟೆಯ ವರದಿ ಎಷ್ಟು ಪ್ರಕರಣಗಳಲ್ಲಿ ಹೋಯಿತೆಂದು ತಿಂಗಳಿಗೊಮ್ಮೆ ಪ್ರಕಟಿಸಲಿ.

ಗಾಯಾಳುಗಳ ಮನೆಯವರಲ್ಲೂ ನಮ್ಮದೊಂದು ವಿನಂತಿ. ಕಾಯ್ದೆಯಲ್ಲಿ ಅರ್ಜಿಗೆ ಆರು ತಿಂಗಳ ಗಡುವು ಇದೆ. ತಡವಾಯಿತೆಂಬ ಕಾರಣಕ್ಕೆ ಅರ್ಜಿ ವಜಾ ಮಾಡಬಾರದೆಂದು ಸುಪ್ರೀಂ ಕೋರ್ಟ್ 2025ರ ನವೆಂಬರಿನಲ್ಲಿ ಮಧ್ಯಂತರ ಆದೇಶ ನೀಡಿದೆ, ಆದರೂ ಅದನ್ನೇ ನೆಚ್ಚಿ ಕೂರಬೇಡಿ. ಔಷಧಿ ಅಂಗಡಿಯ ಒಂದು ಚೀಟಿಯನ್ನೂ ಎಸೆಯಬೇಡಿ. ಮಹಿಳೆಯರು, ಪರಿಶಿಷ್ಟರು, ಅಂಗವಿಕಲರು, ಬಡವರಿಗೆ ಕಾನೂನು ಸೇವಾ ಪ್ರಾಧಿಕಾರ ವಕೀಲರನ್ನು ಉಚಿತವಾಗಿ ಕೊಡುತ್ತದೆ. ದಲ್ಲಾಳಿ ಚಾಚಿದ ಹಾಳೆಗೆ ಹೆಬ್ಬೆಟ್ಟು ಒತ್ತುವ ಮೊದಲು ಅಲ್ಲಿಗೆ ಹೋಗಿ.