ನಿಜಾಮರ ಮೊಮ್ಮಗ ಬುಲ್ಡೋಜರ್ ಓಡಿಸಿದರೆ ನಮಗೇನು?

ಪಶ್ಚಿಮ ಆಸ್ಟ್ರೇಲಿಯಾದ ಪರ್ತ್ ನಗರದಿಂದ ಸುಮಾರು ಆರುನೂರು ಕಿಲೋಮೀಟರ್ ಉತ್ತರಕ್ಕೆ, ಕಲ್‌ಬಾರಿ ಎಂಬ ಕಡಲತೀರದ ಊರಿನ ಪಕ್ಕದಲ್ಲಿ ಮರ್ಚಿಸನ್ ಹೌಸ್ ಎಂಬ ಕುರಿ ಸಾಕಣೆಯ ಜಮೀನಿದೆ. ಜಮೀನು ಎಂದರೆ ನಮ್ಮ ಹೊಲಗದ್ದೆಯ ಲೆಕ್ಕವಲ್ಲ. ಹತ್ತಿರ ಹತ್ತಿರ ಐದು ಲಕ್ಷ ಎಕರೆ; ಬೆಂಗಳೂರು ಮಹಾನಗರದ ಎರಡೂವರೆ ಪಟ್ಟಿಗೂ ಹೆಚ್ಚು. 1970ರ ದಶಕದಲ್ಲಿ ಅಲ್ಲಿ ಬುಲ್ಡೋಜರ್ ಏರಿ ಕುರುಚಲು ಕಾಡಿನ ನಡುವೆ ದಾರಿ ಕಡಿಯುತ್ತಿದ್ದ, ಕೆಟ್ಟ ಎಂಜಿನ್ ಬಿಚ್ಚಿ ಗ್ರೀಸು ಮೆತ್ತಿಕೊಳ್ಳುತ್ತಿದ್ದ ಯಜಮಾನರ ಹೆಸರು ಮುಕರ್ರಂ ಜಾ. ಹೈದರಾಬಾದಿನ ಎಂಟನೆಯ ನಿಜಾಮ. ತಾಯಿಯ ಕಡೆಯಿಂದ ಆಟೊಮನ್ ವಂಶದ ಕೊನೆಯ ಖಲೀಫನ ಮೊಮ್ಮಗ. ತಂದೆಯ ಕಡೆಯಿಂದ, 1937ರಲ್ಲಿ ‘ಟೈಮ್’ ಪತ್ರಿಕೆ ಜಗತ್ತಿನ ಅತಿ ಶ್ರೀಮಂತನೆಂದು ಮುಖಪುಟಕ್ಕೇರಿಸಿದ ಮೀರ್ ಉಸ್ಮಾನ್ ಅಲಿ ಖಾನರ ಮೊಮ್ಮಗ.

2023ರ ಜನವರಿ 14ರಂದು ಇಸ್ತಾಂಬುಲ್‌ನಲ್ಲಿ ಅವರು ತೀರಿಕೊಂಡಾಗ ಪತ್ರಿಕೆಗಳೆಲ್ಲ ಬರೆದದ್ದು ಹೆಚ್ಚುಕಡಿಮೆ ಒಂದೇ ಕಥೆ. ಅಜ್ಜ ಕೂಡಿಟ್ಟ, ಮೊಮ್ಮಗ ಕಳೆದ. ಅರಮನೆಗಳ ಒಡೆಯ ಕೊನೆಗಾಲವನ್ನು ಟರ್ಕಿಯ ಒಂದು ಸಣ್ಣ ಫ್ಲ್ಯಾಟಿನಲ್ಲಿ ದೂಡಿದ. ಐದು ಮದುವೆ, ಲೆಕ್ಕವಿಲ್ಲದಷ್ಟು ವ್ಯಾಜ್ಯ, ಮೈತುಂಬ ಸಾಲ. ಓದುವವರಿಗೆ ಒಂದಿಷ್ಟು ಕನಿಕರ, ಒಂದಿಷ್ಟು ಖುಷಿ. ಈ ಕಥೆಯಲ್ಲಿ ಸುಳ್ಳಿಲ್ಲ. ಆದರೆ ಇದನ್ನು ಇಷ್ಟು ಚಪ್ಪರಿಸಿ ಹೇಳುವಾಗ ಬೇರೆಯೇ ಒಂದು ಪ್ರಶ್ನೆ ಮೂಲೆಗೆ ಸರಿಯುತ್ತದೆ: ಕಳೆದುಹೋಯಿತು ಎನ್ನುವ ಆ ಸಂಪತ್ತು ಯಾರದಾಗಿತ್ತು? ಬೀದರ್, ಕಲಬುರಗಿ, ರಾಯಚೂರಿನ ಓದುಗರಾದರೂ ಇದನ್ನು ಕೇಳಲೇಬೇಕು. 1948ರ ಸೆಪ್ಟೆಂಬರ್‌ವರೆಗೆ ಆ ಜಿಲ್ಲೆಗಳ ಕಂದಾಯ ಹೋಗುತ್ತಿದ್ದದ್ದು ನಿಜಾಮರ ಹೈದರಾಬಾದಿಗೆ.

ಮೊದಲು ಮನುಷ್ಯನ ವಿಷಯ. ಮುಕರ್ರಂ ಜಾ ಹುಟ್ಟಿದ್ದು 1933ರಲ್ಲಿ, ಫ್ರಾನ್ಸಿನ ನೀಸ್‌ನಲ್ಲಿ. ಟರ್ಕಿಯಿಂದ ಹೊರದೂಡಲ್ಪಟ್ಟ ಖಲೀಫ ಎರಡನೆಯ ಅಬ್ದುಲ್ ಮಜೀದ್ ನೆಲೆಸಿದ್ದ ಊರು ಅದು. ಖಲೀಫನ ಮಗಳು ದುರ್ರುಶೆಹವಾರ್ ಅವರನ್ನು 1931ರಲ್ಲಿ ನಿಜಾಮರ ಹಿರಿಯ ಮಗ ಆಜಂ ಜಾಗೆ ತಂದುಕೊಂಡಿದ್ದರು. ಖಲೀಫನ ಬಂಧು ನಿಲೋಫರ್ ಕಿರಿಯ ಮಗನ ಕೈ ಹಿಡಿದರು. ಯುರೋಪಿನ ಛಾಯಾಗ್ರಾಹಕರು ಮುಗಿಬಿದ್ದ ಚೆಲುವೆಯರು ಇವರಿಬ್ಬರು. ಹುಡುಗನಿಗೆ ಡೂನ್ ಶಾಲೆ, ಆಮೇಲೆ ಇಂಗ್ಲೆಂಡಿನ ಹ್ಯಾರೋ, ಕೇಂಬ್ರಿಡ್ಜ್, ಸ್ಯಾಂಡ್‌ಹರ್ಸ್ಟ್ ಸೈನಿಕ ಶಾಲೆ. ಮನಸ್ಸು ಮಾತ್ರ ಮೊದಲಿನಿಂದಲೂ ಎಂಜಿನ್ನಿನ ಕಡೆಗೆ. ಬೇರೆ ಮನೆಯಲ್ಲಿ ಹುಟ್ಟಿದ್ದರೆ ಒಳ್ಳೆಯ ಗ್ಯಾರೇಜು ಇಟ್ಟುಕೊಂಡು ನೆಮ್ಮದಿಯಾಗಿ ಇರುತ್ತಿದ್ದರೇನೋ.

ಅಜ್ಜನದು ಇನ್ನೊಂದು ಬಗೆಯ ವಿಚಿತ್ರ. ಮಾಸಿದ ಟೋಪಿ, ಅಗ್ಗದ ಚಾರ್‌ಮಿನಾರ್ ಸಿಗರೇಟು, ನೋಡಬಂದವರಿಂದ ತಪ್ಪದೆ ವಸೂಲಾಗುತ್ತಿದ್ದ ನಜರು ಕಾಣಿಕೆ. 184 ಕ್ಯಾರಟ್ ಮೀರಿದ ಜೇಕಬ್ ವಜ್ರ ಅವರಿಗೆ ಸಿಕ್ಕಿದ್ದು ತಂದೆಯ ಚಪ್ಪಲಿಯ ತುದಿಯಲ್ಲಿ. ಅದನ್ನವರು ಮೇಜಿನ ಮೇಲಿನ ಕಾಗದ ಹಾರದಂತೆ ಇಡಲು ಬಳಸಿದರು ಎಂಬುದು ಹೈದರಾಬಾದಿನಲ್ಲಿ ಎಲ್ಲರ ಬಾಯಲ್ಲಿರುವ ಮಾತು. ನೆಲಮಾಳಿಗೆಯಲ್ಲಿ ಇಲಿಗಳು ನೋಟಿನ ಕಂತೆ ಕಡಿದವು, ಚಿನ್ನ ಹೇರಿದ ಲಾರಿಗಳು ಅಂಗಳದಲ್ಲಿ ನಿಂತಲ್ಲೇ ಹೂತುಹೋದವು ಎಂಬ ಕಥೆಗಳಿಗೂ ಬರವಿಲ್ಲ. ದುಂದುಗಾರನೆಂದು ಮಗ ಆಜಂ ಜಾ ಮೇಲೆ ನಂಬಿಕೆ ಕಳೆದುಕೊಂಡ ಮುದುಕ, ಮೊಮ್ಮಗನನ್ನೇ ಉತ್ತರಾಧಿಕಾರಿ ಎಂದು ಹೆಸರಿಸಿದರು. 1967ರ ಫೆಬ್ರವರಿಯಲ್ಲಿ ಅವರು ತೀರಿಕೊಂಡರು. ಏಪ್ರಿಲ್‌ನಲ್ಲಿ ಚೌಮಹಲ್ಲಾ ಅರಮನೆಯಲ್ಲಿ ಮೊಮ್ಮಗನಿಗೆ ಪಟ್ಟವಾಯಿತು. ರಾಜ್ಯ ಹೋಗಿ ಆಗಲೇ ಹದಿನೆಂಟು ವರ್ಷ ಕಳೆದಿತ್ತು.

ಪಟ್ಟದ ಜೊತೆ ಬಂದ ಗಂಟನ್ನು ಬಿಚ್ಚಿ ನೋಡಿದರೆ ಯಾರಿಗಾದರೂ ಓಡಿಹೋಗೋಣ ಅನಿಸುತ್ತದೆ. ಇತಿಹಾಸಕಾರ ವಿಲಿಯಂ ಡಾಲ್ರಿಂಪಲ್ ಕೊಡುವ ಲೆಕ್ಕದಂತೆ ನೌಕರರು ಮತ್ತು ಆಶ್ರಿತರು 14,718. ಅದರಲ್ಲಿ ಅಜ್ಜನ ಜನಾನದ 42 ಮಂದಿ, ಅವರ ನೂರಕ್ಕೂ ಮಿಕ್ಕಿದ ಮಕ್ಕಳು. ಚೌಮಹಲ್ಲಾ ಒಂದರಲ್ಲೇ ಆರು ಸಾವಿರ ಆಳುಗಳು. ಅರಬ್ ಕಾವಲುಗಾರರು ಮೂರು ಸಾವಿರ. ಕುಡಿಯುವ ನೀರು ತರುವುದಕ್ಕೆಂದೇ 28 ಜನ, ತೂಗುದೀಪದ ಧೂಳು ಒರೆಸುವುದಕ್ಕೆ 38 ಜನ, ಇವರ ಮೇಲೆ ಅಕ್ರೋಟು ಪುಡಿ ಮಾಡುವವರು ಬೇರೆ. ಗ್ಯಾರೇಜಿನಲ್ಲಿ 60 ಕಾರುಗಳು, ಓಡುತ್ತಿದ್ದದ್ದು ನಾಲ್ಕು. ಪಟ್ಟಾಭಿಷೇಕದ ದಿನ ಹೊಸ ನಿಜಾಮರನ್ನು ಕರೆದೊಯ್ಯಬೇಕಿದ್ದ ಕಾರೇ ಕೆಟ್ಟು ನಿಂತಿತಂತೆ. ಎಂಜಿನ್ ಬಲ್ಲ ನಿಜಾಮರಿಗೆ ಆ ಹೊತ್ತು ಬಾನೆಟ್ ಎತ್ತದೆ ಸುಮ್ಮನೆ ಕೂರುವುದು ಎಷ್ಟು ಕಷ್ಟವಾಗಿರಬೇಕು!

ಬಂಧುಗಳು ಒಬ್ಬೊಬ್ಬರಾಗಿ ಕೋರ್ಟಿಗೆ ಹೋದರು. 1971ರಲ್ಲಿ ಸಂವಿಧಾನದ 26ನೇ ತಿದ್ದುಪಡಿ ಬಂದು ರಾಜಧನ ಮತ್ತು ಬಿರುದುಗಳು ಒಟ್ಟಿಗೇ ಹೋದವು. ಭೂಮಿತಿ ಕಾನೂನು, ತೆರಿಗೆ ಬೆನ್ನಿಗೇ ಬಂದವು. 1972ರಲ್ಲಿ ಕೇಂಬ್ರಿಡ್ಜಿನ ಗೆಳೆಯರೊಬ್ಬರನ್ನು ಕಾಣಲು ಆಸ್ಟ್ರೇಲಿಯಾಕ್ಕೆ ಹೋದವರು ಆ ಬಯಲು, ಕುರಿ, ಕೆಂಪು ಮಣ್ಣು ನೋಡಿ ಅಲ್ಲೇ ಜಮೀನು ಕೊಂಡರು. ಹೈದರಾಬಾದನ್ನು ಟ್ರಸ್ಟಿಗಳ, ವಕೀಲರ, ಮುಖ್ತಿಯಾರರ ಕೈಗೆ ಬಿಟ್ಟರು.

ಅವರ ತಪ್ಪು ಇದು. ಬುಲ್ಡೋಜರ್ ಹತ್ತಿದ್ದರಲ್ಲಿ ತಪ್ಪೇನೂ ಇಲ್ಲ. ತಲೆಯ ಮೇಲೆ ರುಮಾಲು ಹೊತ್ತು ದರ್ಬಾರಿನಲ್ಲಿ ಗೊಂಬೆಯಂತೆ ಕೂರುವುದಕ್ಕಿಂತ ಅದು ಎಷ್ಟೋ ಮೇಲಿನ ಕೆಲಸ. ಆದರೆ ಹದಿನಾಲ್ಕು ಸಾವಿರ ಜನರ ಅನ್ನದ ಪ್ರಶ್ನೆಯನ್ನು ಸಾವಿರಾರು ಮೈಲು ದೂರದಿಂದ ನೋಡಿಕೊಳ್ಳಲಾಗುವುದಿಲ್ಲ. ಮನೆ ಯಜಮಾನ ಊರಲ್ಲಿಲ್ಲವೆಂದರೆ ಏನಾಗುತ್ತದೋ ಅದೇ ಆಯಿತು. ಅರಮನೆಗಳಿಗೆ ಬೀಗ ಬಿತ್ತು, ಬೀಗ ಬಿದ್ದ ಕೋಣೆಗಳಿಂದ ಸಾಮಾನುಗಳು ನಡೆದುಹೋದವು. ಆಸ್ಟ್ರೇಲಿಯಾದಲ್ಲೂ ಸಾಲ ಬೆಳೆದು, 1996ರ ಹೊತ್ತಿಗೆ ಆ ದೇಶವನ್ನೂ ಬಿಟ್ಟು ಅವರು ಟರ್ಕಿ ಸೇರಿದರು.

ಉಳಿದದ್ದನ್ನು ಉಳಿಸಿದವರು ಅವರ ಮೊದಲ ಹೆಂಡತಿ, ಟರ್ಕಿ ಮೂಲದ ಎಸ್ರಾ. 1974ರಲ್ಲೇ ವಿಚ್ಛೇದನ ಪಡೆದಿದ್ದ ಆಕೆ ಎರಡು ದಶಕದ ನಂತರ ಹೈದರಾಬಾದಿಗೆ ಬಂದು, ದೆಹಲಿಯ ವಕೀಲ ವಿಜಯ ಶಂಕರದಾಸ್ ಅವರ ನೆರವಿನಿಂದ ದಾವೆಗಳ ಸಿಕ್ಕು ಬಿಡಿಸುತ್ತ ಹೋದರು. 2000ದಲ್ಲಿ ಫಲಕ್‌ನುಮಾ ಅರಮನೆಯನ್ನು ತಾಜ್ ಹೋಟೆಲಿನವರಿಗೆ ಗುತ್ತಿಗೆ ಕೊಟ್ಟದ್ದು, ಚೌಮಹಲ್ಲಾವನ್ನು ದುರಸ್ತಿ ಮಾಡಿಸಿ 2005ರಲ್ಲಿ ಸಾರ್ವಜನಿಕರಿಗೆ ತೆರೆದದ್ದು ಆಕೆಯ ದುಡಿಮೆ. 2010ರಲ್ಲಿ ಯುನೆಸ್ಕೊ ಪ್ರಶಸ್ತಿಯೂ ಬಂತು. ಈಗ ಟಿಕೆಟ್ಟು ಕೊಂಡ ಯಾರಾದರೂ ಒಳಗೆ ಹೋಗಿ ಆ ತೂಗುದೀಪಗಳನ್ನು ನೋಡಬಹುದು. ಮುಕರ್ರಂ ಜಾ ಬಗ್ಗೆ ಪುಟಗಟ್ಟಲೆ ಬರೆದವರು ಈಕೆಗೆ ಒಂದೆರಡು ಸಾಲಿಗಿಂತ ಹೆಚ್ಚು ಜಾಗ ಕೊಟ್ಟದ್ದು ಅಪರೂಪ. ಕಳೆದವನ ಕಥೆಗಿರುವ ರುಚಿ ಉಳಿಸಿದವಳ ಕಥೆಗೆ ಇರುವುದಿಲ್ಲವೆಂದು ಕಾಣುತ್ತದೆ.

ಇನ್ನು ಆ ಸಂಪತ್ತಿನ ಮೂಲಕ್ಕೆ ಬರೋಣ. ನಿಜಾಮರ ಆಳ್ವಿಕೆಯಲ್ಲಿ ನೆಲ ಹಲವು ಬಗೆಯಾಗಿ ಹಂಚಿಕೆಯಾಗಿತ್ತು. ಸರ್ಕಾರದ್ದು ದಿವಾಣಿ. ನವಾಬರು, ಸರದಾರರಿಗೆ ಬಿಟ್ಟದ್ದು ಜಾಗೀರು. ನಮ್ಮ ಕೊಪ್ಪಳ ಸಾಲಾರ್ ಜಂಗ್ ಮನೆತನದ ಜಾಗೀರಾಗಿತ್ತು. ಇವೆರಡೂ ಅಲ್ಲದೆ ಸಂಸ್ಥಾನದ ಸುಮಾರು ಹತ್ತನೇ ಒಂದು ಪಾಲು ಸರ್ಫ್-ಎ-ಖಾಸ್, ಎಂದರೆ ನಿಜಾಮರ ಖಾಸಗಿ ಆಸ್ತಿ. ಅದರ ಕಂದಾಯ ನೇರವಾಗಿ ಅವರ ಸ್ವಂತ ಖಜಾನೆಗೆ. ಜಗತ್ತಿನ ಅತಿ ಶ್ರೀಮಂತ ಎಂಬ ಬಿರುದು ವ್ಯಾಪಾರ ಮಾಡಿ, ಕಾರ್ಖಾನೆ ಕಟ್ಟಿ ಗಳಿಸಿದ್ದಲ್ಲ. ಜೋಳ, ಹತ್ತಿ, ತೊಗರಿ ಬೆಳೆದವರ ಕಂದಾಯ ಏಳು ತಲೆಮಾರು ಹರಳುಗಟ್ಟಿ ಪಚ್ಚೆ, ಮುತ್ತು, ವಜ್ರವಾಯಿತು. ಅದೇ ಹೊತ್ತಿಗೆ 1951ರ ಜನಗಣತಿಯಲ್ಲಿ ಹೈದರಾಬಾದ್ ರಾಜ್ಯದ ಸಾಕ್ಷರತೆ ನೂರಕ್ಕೆ ಹತ್ತನ್ನೂ ಮುಟ್ಟಿರಲಿಲ್ಲ.

ನಿಜಾಮರು ಏನೂ ಕಟ್ಟಲಿಲ್ಲವೇ ಎಂದು ಕೇಳುವವರಿದ್ದಾರೆ. ಕಟ್ಟಿದರು. ಉಸ್ಮಾನಿಯಾ ವಿಶ್ವವಿದ್ಯಾಲಯ, ಆಸ್ಪತ್ರೆ, ರೈಲು ಎಲ್ಲವೂ ಇವೆ. ತುಂಗಭದ್ರಾ ಅಣೆಕಟ್ಟಿಗೆ 1945ರಲ್ಲಿ ಹೈದರಾಬಾದಿನ ಪರವಾಗಿ ಅಡಿಗಲ್ಲು ಇಟ್ಟವರು ಇದೇ ಮುಕರ್ರಂ ಜಾ ಅವರ ತಂದೆ ಆಜಂ ಜಾ. ಕಲಬುರಗಿಯ ಎಂಎಸ್‌ಕೆ ಮಿಲ್ಲಿನ ಹೆಸರಿನಲ್ಲಿ ಆರನೆಯ ನಿಜಾಮ ಮಹಬೂಬ್ ಅಲಿ ಖಾನ್ ಇಂದಿಗೂ ಇದ್ದಾರೆ. ಆದರೆ ರಾಜಧಾನಿಗೂ ಕನ್ನಡ ಜಿಲ್ಲೆಗಳಿಗೂ ನಡುವಿನ ಅಂತರ ಎಷ್ಟಿತ್ತೆಂದರೆ, 1956ರಲ್ಲಿ ಅವು ಮೈಸೂರು ರಾಜ್ಯಕ್ಕೆ ಸೇರಿ ಅರ್ಧ ಶತಮಾನ ದಾಟಿದ ಮೇಲೂ ಶಿಕ್ಷಣ ಮತ್ತು ಉದ್ಯೋಗದಲ್ಲಿ ವಿಶೇಷ ಮೀಸಲಾತಿಗಾಗಿ ಸಂವಿಧಾನಕ್ಕೆ 371(ಜೆ) ವಿಧಿಯನ್ನು ಸೇರಿಸಬೇಕಾಯಿತು. ಇದರ ಹೊಣೆಯಲ್ಲಿ ಬೆಂಗಳೂರಿನ ಸರ್ಕಾರಗಳ ಪಾಲೂ ದೊಡ್ಡದೇ. ನಿಜಾಮರನ್ನು ದೂರಿ ಇವರನ್ನು ಬಿಟ್ಟುಬಿಡುವುದು ಸರಿಯಲ್ಲ.

ರಾಜ್ಯದ ಹಣ ಯಾವುದು, ಮನೆತನದ ಹಣ ಯಾವುದು ಎಂಬ ಗೊಂದಲ ಇತ್ತೀಚಿನವರೆಗೂ ಮುಗಿದಿರಲಿಲ್ಲ. 1948ರ ಸೆಪ್ಟೆಂಬರ್ 20ರಂದು, ಎಂದರೆ ನಿಜಾಮರು ಶರಣಾದ ಮೂರೇ ದಿನಕ್ಕೆ, ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಬ್ಯಾಂಕಿನಲ್ಲಿದ್ದ ಹೈದರಾಬಾದ್ ಸರ್ಕಾರದ ಖಾತೆಯಿಂದ ಹತ್ತು ಲಕ್ಷ ಪೌಂಡಿಗೂ ಹೆಚ್ಚು ಹಣ ಪಾಕಿಸ್ತಾನದ ಹೈಕಮಿಷನರ್ ಹೆಸರಿಗೆ ವರ್ಗವಾಯಿತು. ವ್ಯಾಜ್ಯ ಎಪ್ಪತ್ತು ವರ್ಷ ಎಳೆಯಿತು. ಬಡ್ಡಿ ಬೆಳೆದು ಮೊತ್ತ 3.5 ಕೋಟಿ ಪೌಂಡ್ ಆಯಿತು. 2019ರ ಅಕ್ಟೋಬರ್‌ನಲ್ಲಿ ಲಂಡನ್ನಿನ ಹೈಕೋರ್ಟು ಪಾಕಿಸ್ತಾನದ ವಾದ ತಳ್ಳಿ, ಹಣ ಏಳನೆಯ ನಿಜಾಮರಿಗೆ ಸೇರಿದ್ದು, ಅವರ ಹಕ್ಕಿನಿಂದ ಕೇಳುತ್ತಿರುವ ಭಾರತಕ್ಕೂ ಮೊಮ್ಮಕ್ಕಳಿಗೂ ಸಲ್ಲಬೇಕು ಎಂದಿತು. ಅವರವರ ನಡುವೆ ಅದಾಗಲೇ ಒಪ್ಪಂದವಾಗಿತ್ತು. ಸರ್ಕಾರದ ಹೆಸರಿನ ಖಾತೆಯಿಂದ ಹೊರಟ ಹಣದಲ್ಲಿ ಮೊಮ್ಮಕ್ಕಳಿಗೂ ಪಾಲು ಸಿಕ್ಕಿತು. ಕಾನೂನಿನ ಪ್ರಕಾರ ಅದು ಸರಿಯೇ ಇರಬಹುದು. ರಾಯಚೂರಿನ ರೈತನಿಗೆ ಇದನ್ನು ವಿವರಿಸಲು ಹೋದವನಿಗೆ ಮಾತು ತಡವರಿಸುತ್ತದೆ.

ಆಭರಣಗಳ ಕಥೆ ಇದಕ್ಕಿಂತ ಖಾರ. ಏಳನೆಯ ನಿಜಾಮರು ಟ್ರಸ್ಟಿಗೆ ಸೇರಿಸಿದ್ದ ಒಡವೆಗಳನ್ನು ಮಾರುವ ಪ್ರಯತ್ನ 1970ರ ದಶಕದಲ್ಲಿ ಶುರುವಾಯಿತು. ದೇಶದ ಹೊರಗೆ ಹೋಗಬಾರದೆಂದು ಕೇಂದ್ರ ಸರ್ಕಾರ ಅಡ್ಡ ನಿಂತಿತು, ವಿಷಯ ಸುಪ್ರೀಂ ಕೋರ್ಟಿನವರೆಗೂ ಹೋಯಿತು. ಕೊನೆಗೆ 1995ರಲ್ಲಿ ಜೇಕಬ್ ವಜ್ರವೂ ಸೇರಿ 173 ಆಭರಣಗಳನ್ನು ಸುಮಾರು 218 ಕೋಟಿ ರೂಪಾಯಿಗೆ ಸರ್ಕಾರವೇ ಕೊಂಡಿತು. ಕಂದಾಯವಾಗಿ ಒಮ್ಮೆ ಕೊಟ್ಟ ಜನವೇ ತೆರಿಗೆಯಾಗಿ ಮತ್ತೊಮ್ಮೆ ಬೆಲೆ ತೆತ್ತ ಹಾಗಾಯಿತು. ಹಾಗೆ ಕೊಂಡ ಮೇಲಾದರೂ ನೋಡಲು ಸಿಕ್ಕವೇ? ರಿಸರ್ವ್ ಬ್ಯಾಂಕಿನ ಭದ್ರ ಕೋಣೆ ಸೇರಿದವು. ಹೈದರಾಬಾದಿನ ಸಾಲಾರ್ ಜಂಗ್ ವಸ್ತುಸಂಗ್ರಹಾಲಯದಲ್ಲಿ, ದೆಹಲಿಯ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿ ಆಗೊಮ್ಮೆ ಈಗೊಮ್ಮೆ ಪ್ರದರ್ಶನ ನಡೆಯಿತು, ಕೊನೆಯದಾಗಿ 2019ರಲ್ಲಿ. ಕಲಬುರಗಿ, ಬೀದರ್, ರಾಯಚೂರಿನ ಕಡೆಗೆ ಅವು ತಲೆ ಹಾಕಿಲ್ಲ.

ಹೈದರಾಬಾದಿನ ಜನ ಆಭರಣಗಳು ತಮ್ಮೂರಿಗೇ ಬರಲಿ ಎಂದು ಬಹಳ ದಿನದಿಂದ ಕೇಳುತ್ತಿದ್ದಾರೆ. ನ್ಯಾಯವಾದ ಬೇಡಿಕೆ. ಆದರೆ ಅದು ಹೈದರಾಬಾದ್ ನಗರದ ಬೇಡಿಕೆಯಷ್ಟೇ ಆಗಿ ನಿಲ್ಲಬಾರದು. ಹಳೆಯ ಸಂಸ್ಥಾನ ಈಗ ತೆಲಂಗಾಣ, ಮಹಾರಾಷ್ಟ್ರ, ಕರ್ನಾಟಕ ಎಂದು ಮೂರು ರಾಜ್ಯಗಳಲ್ಲಿ ಹಂಚಿಹೋಗಿದೆ. ಹಕ್ಕಿನ ಮಾತು ಬಂದಾಗ ಔರಂಗಾಬಾದ್ ಕಡೆಯವರೂ ಕಲಬುರಗಿಯವರೂ ಎದ್ದು ನಿಲ್ಲಬೇಕು. ಕರ್ನಾಟಕ ಸರ್ಕಾರ ಪ್ರತಿ ಸೆಪ್ಟೆಂಬರ್ 17ರಂದು ಕಲಬುರಗಿಯಲ್ಲಿ ಧ್ವಜ ಹಾರಿಸಿ ಕಲ್ಯಾಣ ಕರ್ನಾಟಕ ಉತ್ಸವ ಆಚರಿಸುತ್ತದೆ. ನಿಜಾಮರ ಕಾಲದ ಕೊನೆಯಲ್ಲಿ ಹತರಾದ, ಬೀದರ್ ಜಿಲ್ಲೆಯ ಗೋರಟಾದ ಹುತಾತ್ಮರ ಸ್ಮರಣೆಯೂ ಆಗುತ್ತದೆ. ಅದೇ ಸರ್ಕಾರ ಕೇಂದ್ರಕ್ಕೆ ಒಂದು ಪತ್ರ ಬರೆದು, ಆಭರಣಗಳ ಸಂಚಾರಿ ಪ್ರದರ್ಶನ ಈ ಜಿಲ್ಲೆಗಳಿಗೂ ಬರಲಿ ಎಂದು ಕೇಳಬಹುದು. ಭದ್ರತೆ, ವಿಮೆ ಕಷ್ಟವೆಂದರೆ ಮೂಲದ ಬದಲು ಪ್ರತಿಕೃತಿಗಳಾದರೂ ಬರಲಿ. ಅವುಗಳ ಪಕ್ಕದಲ್ಲಿ ಯಾವ ತಾಲ್ಲೂಕಿನಿಂದ ಎಷ್ಟು ಕಂದಾಯ ಹೋಗುತ್ತಿತ್ತು, ಯಾವ ಹಳ್ಳಿ ಯಾರ ಜಾಗೀರಾಗಿತ್ತು ಎಂಬ ಹಳೆಯ ದಫ್ತರಗಳ ಪ್ರತಿಯನ್ನೂ ಇಡಬೇಕು. ಆಗ ವಜ್ರ ನೋಡಲು ಬಂದ ಹುಡುಗ ಹುಡುಗಿಯರು ತಮ್ಮ ಊರಿನ ಹೆಸರನ್ನೂ ಅಲ್ಲಿ ಹುಡುಕಿಯಾರು.

ಮುಕರ್ರಂ ಜಾ ಅವರ ಶವವನ್ನು ಇಸ್ತಾಂಬುಲ್‌ನಿಂದ ತಂದು ಚೌಮಹಲ್ಲಾದಲ್ಲಿ ದರ್ಶನಕ್ಕಿಟ್ಟಾಗ ಹಳೆಯ ಊರಿನ ಸಾವಿರಾರು ಜನ ಸಾಲು ನಿಂತರು. ತೆಲಂಗಾಣ ಸರ್ಕಾರ ಗೌರವ ಸಲ್ಲಿಸಿತು. ಮಕ್ಕಾ ಮಸೀದಿಯಲ್ಲಿ ಹಿರಿಯರ ಪಕ್ಕ ಮಣ್ಣಾಯಿತು. ಅದೆಲ್ಲ ಒಪ್ಪತಕ್ಕದ್ದೇ. ಅವರು ರಾಜ್ಯ ಆಳಲಿಲ್ಲ, ಯಾರನ್ನೂ ದೋಚಲಿಲ್ಲ. ಹೈದರಾಬಾದನ್ನು ಭಾರತಕ್ಕೆ ಸೇರಿಸಿದ 1948ರ ಪೊಲೀಸ್ ಕಾರ್ಯಾಚರಣೆ ನಡೆದಾಗ ಹದಿನೈದು ತುಂಬದ ಹುಡುಗ. ಅವರ ಮದುವೆಗಳ ಮತ್ತು ಕುರಿಗಳ ಲೆಕ್ಕವನ್ನು ಬಿಟ್ಟು, ರಿಸರ್ವ್ ಬ್ಯಾಂಕಿನ ಕೋಣೆಯಲ್ಲಿರುವ 173 ವಸ್ತುಗಳ ಲೆಕ್ಕವನ್ನು ನಮ್ಮ ಸಂಸದರು ಕೇಳಲಿ. ಕಲ್ಯಾಣ ಕರ್ನಾಟಕದಿಂದ ಲೋಕಸಭೆಗೆ ಹೋದವರಿಗೆ ಪ್ರಶ್ನೋತ್ತರ ವೇಳೆಯಲ್ಲಿ ಎರಡು ನಿಮಿಷದ ಕೆಲಸ ಅದು.