ರಾಯಭಾರಿ ಯಜಮಾನನಲ್ಲ: ಮಾಲ್ದೀವ್ಸ್ ಕಲಿಸುವ ಪಾಠ

ಭೂಪಟದಲ್ಲಿ ಮಾಲ್ದೀವ್ಸನ್ನು ಹುಡುಕಬೇಕಾದರೆ ಕಣ್ಣು ಕಿರಿದಾಗಿಸಬೇಕು. ಸಾವಿರಕ್ಕೂ ಹೆಚ್ಚು ದ್ವೀಪಗಳಿದ್ದರೂ ಒಟ್ಟು ನೆಲ ಸುಮಾರು 300 ಚದರ ಕಿಲೋಮೀಟರ್ ಮಾತ್ರ. ನಮ್ಮ ಒಂದು ಸಾಧಾರಣ ತಾಲೂಕಿಗಿಂತಲೂ ಚಿಕ್ಕದು. ಆದರೆ ಈ ಚಿಕ್ಕ ನೆಲದಲ್ಲಿ ರಾಯಭಾರ ಕಚೇರಿ ತೆರೆಯಲು ಕಳೆದ ಒಂದೂವರೆ ದಶಕದಲ್ಲಿ ದೊಡ್ಡ ರಾಷ್ಟ್ರಗಳ ನಡುವೆ ನಡೆದ ಪೈಪೋಟಿ ಚಿಕ್ಕದೇನಲ್ಲ. ಈ ಪೈಪೋಟಿ ಯಾರ ಹಿತಕ್ಕಾಗಿ? ದ್ವೀಪವಾಸಿಗಳ ಹಿತಕ್ಕಾಗಿಯೋ ಅಥವಾ ಅವರ ಸುತ್ತಲಿನ ಕಡಲಿಗಾಗಿಯೋ?

ಈ ಪ್ರಶ್ನೆ ಹೊಸದಲ್ಲ. 14ನೇ ಶತಮಾನದಲ್ಲಿ ದೆಹಲಿಯ ಸುಲ್ತಾನ ಮುಹಮ್ಮದ್ ಬಿನ್ ತುಘಲಕ್ ತನ್ನ ರಾಯಭಾರಿಯಾಗಿ ಚೀನಾಕ್ಕೆ ಕಳುಹಿಸಿದ್ದು ಇಬ್ನ್ ಬತೂತನನ್ನು. ಕಲ್ಲಿಕೋಟೆಯಲ್ಲಿ ಬಿರುಗಾಳಿಗೆ ಸಿಲುಕಿ ಹಡಗು, ಉಡುಗೊರೆಗಳೆಲ್ಲ ನಾಶವಾದವು. ಬರಿಗೈಯಾದ ರಾಯಭಾರಿ ನಮ್ಮ ಹೊನ್ನಾವರದ ಸುಲ್ತಾನನ ಆಶ್ರಯ ಪಡೆದ. ಅಲ್ಲಿನ ಹುಡುಗಿಯರಿಗಾಗಿ 13 ಪಾಠಶಾಲೆಗಳಿದ್ದವೆಂದು ಮೆಚ್ಚುಗೆಯಿಂದ ಬರೆದವನು ಅವನೇ. ಬಳಿಕ 1343ರಲ್ಲಿ ಮಾಲ್ದೀವ್ಸ್ ತಲುಪಿದ. ರಾಣಿ ಖದೀಜಾ ಆಳುತ್ತಿದ್ದ ಆ ನಾಡು ಅವನನ್ನು ಗೌರವದಿಂದ ಬರಮಾಡಿಕೊಂಡು ಕಾಝಿಯನ್ನಾಗಿಸಿತು; ಪ್ರತಿಷ್ಠಿತ ಮನೆತನಗಳು ಅವನೊಂದಿಗೆ ವಿವಾಹ ಸಂಬಂಧ ಬೆಳೆಸಿದವು. ಆದರೆ ಅಧಿಕಾರಸ್ಥರೊಂದಿಗೆ ಮನಸ್ತಾಪ ಉಂಟಾಗಿ ದ್ವೀಪ ತೊರೆದ ಅದೇ ಅತಿಥಿ, ಮಧುರೆಯ ಸುಲ್ತಾನನೊಂದಿಗೆ ಸೇರಿ ಮಾಲ್ದೀವ್ಸ್ ಮೇಲೆ ದಂಡೆತ್ತುವ ಯೋಜನೆ ರೂಪಿಸಿದ. ಆ ಸುಲ್ತಾನನ ಮರಣದಿಂದ ಯೋಜನೆ ಕೈಗೂಡಲಿಲ್ಲ. ಮಹಾನ್ ಪ್ರವಾಸಿ ಎಂದು ನಾವು ಕೊಂಡಾಡುವ ವ್ಯಕ್ತಿಯ ಈ ಮುಖವನ್ನು ಮರೆಮಾಚಬೇಕಾಗಿಲ್ಲ. ಅತಿಥಿಯಾಗಿ ಬಂದವನು ಯಜಮಾನನಾಗಲು ಹೊರಟಾಗ ಅವನ ಧರ್ಮ ಯಾವುದೆಂಬುದು ಮುಖ್ಯವಾಗುವುದಿಲ್ಲ.

ಬ್ರಿಟಿಷರ ಕಾಲದಲ್ಲಿ ಮಾಲ್ದೀವ್ಸ್‌ಗೆ ಹೊರಗಿನ ರಾಯಭಾರಿಯೇ ಬರುವಂತಿರಲಿಲ್ಲ. 1887ರ ಒಪ್ಪಂದದಂತೆ ಒಳಾಡಳಿತ ಸುಲ್ತಾನನಿಗೆ, ವಿದೇಶ ವ್ಯವಹಾರ ಬ್ರಿಟನ್‌ಗೆ. ದ್ವೀಪದ ದೂತರೇ ಕಾಣಿಕೆ ಹೊತ್ತು ಕೊಲಂಬೋಕ್ಕೆ ಹೋಗಬೇಕಿತ್ತು. 1957ರಿಂದ ಬ್ರಿಟಿಷ್ ವಾಯುಪಡೆ ದಕ್ಷಿಣದ ಗನ್ ದ್ವೀಪದಲ್ಲಿ ನೆಲೆಯೂರಿತು. ಆ ನೆಲೆಯ ನೆರಳಿನಲ್ಲೇ 1959ರಲ್ಲಿ ದಕ್ಷಿಣದ ದ್ವೀಪಗಳು ಪ್ರತ್ಯೇಕ ಗಣರಾಜ್ಯ ಘೋಷಿಸಿದವು. ಬ್ರಿಟನ್‌ಗೆ ಬೇಕಾದ ಒಪ್ಪಂದ ಮಾಲೆಯಿಂದ ದೊರೆತೊಡನೆ ಆ ಬಂಡಾಯಗಾರರು ಬೇಡವಾದರು. 1963ರಲ್ಲಿ ಅವರ ನಾಯಕ ಅಬ್ದುಲ್ಲಾ ಅಫೀಫ್ ದೀದಿ ಸೀಶೆಲ್ಸ್‌ಗೆ ಗಡಿಪಾರಾದರು. ಕೊನೆಗೆ 1965ರ ಜುಲೈ 26ರಂದು ಸ್ವಾತಂತ್ರ್ಯದ ಒಪ್ಪಂದಕ್ಕೆ ಸಹಿ ಬಿದ್ದದ್ದಾದರೂ ಎಲ್ಲಿ? ಮಾಲೆಯಲ್ಲಲ್ಲ, ಕೊಲಂಬೋದ ಬ್ರಿಟಿಷ್ ಹೈಕಮಿಷನರರ ನಿವಾಸದಲ್ಲಿ! ಒಂದು ರಾಷ್ಟ್ರ ಹುಟ್ಟಿದ್ದೇ ಇನ್ನೊಂದು ದೇಶದಲ್ಲಿದ್ದ ಮೂರನೆಯವರ ಅಂಗಳದಲ್ಲಿ. ವಿಪರ್ಯಾಸವೆಂದರೆ, ಸ್ವಾತಂತ್ರ್ಯ ಬಂದ ಮೇಲೂ ಬ್ರಿಟಿಷ್ ವಿಮಾನಗಳು ಗನ್‌ನಿಂದ ತೆರಳಿದ್ದು 1976ರಲ್ಲಿ. ಮರುವರ್ಷ ಸೋವಿಯತ್ ಒಕ್ಕೂಟ ಅದೇ ನೆಲೆಯನ್ನು ಬಾಡಿಗೆಗೆ ಕೇಳಿದಾಗ ಅಧ್ಯಕ್ಷ ಇಬ್ರಾಹೀಮ್ ನಾಸಿರ್ ನಿರಾಕರಿಸಿದರು. ಹಣ ಬೇಕಿದ್ದ ಬಡರಾಷ್ಟ್ರವೊಂದು ಆಡಿದ ಆ 'ಇಲ್ಲ' ಎಂಬ ಮಾತಿನ ತೂಕವನ್ನು ದೊಡ್ಡವರು ಇನ್ನೂ ಅರಿತಂತಿಲ್ಲ.

ಅನಂತರದ ಚರಿತ್ರೆಯನ್ನು ನೋಡಿ. ಭಾರತ 1965ರಲ್ಲೇ ಸಂಬಂಧ ಬೆಳೆಸಿತು, 1972ರಲ್ಲಿ ಮಾಲೆಯಲ್ಲಿ ಕಚೇರಿ ತೆರೆಯಿತು, 1980ರಿಂದ ಅಲ್ಲಿಯೇ ನೆಲೆಸುವ ಹೈಕಮಿಷನರರನ್ನು ನೇಮಿಸಿತು. ಉಳಿದ ಬಲಾಢ್ಯರಿಗೆ ಮಾತ್ರ ದಶಕಗಳ ಕಾಲ ಕೊಲಂಬೋದಲ್ಲಿ ಕುಳಿತ ರಾಯಭಾರಿಯೇ ಸಾಕಾಗಿತ್ತು. 1972ರಲ್ಲಿ ಸಂಬಂಧ ಬೆಳೆಸಿದ ಚೀನಾ ಮಾಲೆಯಲ್ಲಿ ರಾಯಭಾರ ಕಚೇರಿ ತೆರೆದದ್ದು 2011ರಲ್ಲಿ, ಅಡ್ಡುವಿನಲ್ಲಿ ಸಾರ್ಕ್ ಶೃಂಗಸಭೆ ನಡೆಯುವ ಹೊತ್ತಿಗೆ. 2016ರಲ್ಲಿ ಜಪಾನ್ ಬಂತು. ಬಳಿಕ ಬ್ರಿಟನ್ ಬಂತು. 1966ರಿಂದ ಸಂಬಂಧವಿದ್ದ ಅಮೇರಿಕಕ್ಕೆ ಮಾಲೆಗಾಗಿಯೇ ಒಬ್ಬ ರಾಯಭಾರಿ ಬೇಕೆನಿಸಿದ್ದು 2023ರಲ್ಲಿ. ಐದಾರು ದಶಕ ಕಾಣದಿದ್ದ ಜನರು ಇವರಿಗೆ ಒಮ್ಮೆಲೇ ಕಂಡದ್ದು ಹೇಗೆ? ಕಂಡದ್ದು ಜನರಲ್ಲ, ತೈಲ ಮತ್ತು ಸರಕಿನ ಹಡಗುಗಳು ಸಾಗುವ ಕಡಲಮಾರ್ಗ ಮತ್ತು ಅಲ್ಲಿ ನೆಲೆಯೂರುತ್ತಿದ್ದ ಪ್ರತಿಸ್ಪರ್ಧಿ.

ಹಾಗೆಂದು ಭಾರತವನ್ನು ಇವರ ಸಾಲಿಗೆ ಸೇರಿಸಿ ಕೈ ತೊಳೆದುಕೊಳ್ಳುವುದು ನ್ಯಾಯವಲ್ಲ. 1988ರ ನವೆಂಬರ್‌ನಲ್ಲಿ ಬಾಡಿಗೆ ಸೈನಿಕರು ಮಾಲೆಯನ್ನು ಆಕ್ರಮಿಸಿದಾಗ ಅಧ್ಯಕ್ಷ ಗಯ್ಯೂಮ್‌ರ ಕರೆಗೆ ಓಗೊಟ್ಟು ಕೆಲವೇ ತಾಸುಗಳಲ್ಲಿ ತಲುಪಿದ್ದು ಭಾರತದ ಸೇನೆ. 2004ರ ಸುನಾಮಿಯಲ್ಲೂ, 2014ರಲ್ಲಿ ಮಾಲೆಯ ಕುಡಿಯುವ ನೀರಿನ ಘಟಕಕ್ಕೆ ಬೆಂಕಿ ಬಿದ್ದಾಗಲೂ ಮೊದಲು ಧಾವಿಸಿದ್ದು ಭಾರತವೇ. ಆದರೆ ಉಪಕಾರ ಮಾಡಿದವನು ಅದನ್ನು ದಿನಕ್ಕೆ ಮೂರು ಬಾರಿ ನೆನಪಿಸಿದರೆ ಅದು ಉಪಕಾರವಾಗಿ ಉಳಿಯುವುದಿಲ್ಲ, ಸಾಲವಾಗುತ್ತದೆ.

2012ರ ಫೆಬ್ರವರಿಯಲ್ಲಿ ಅಧ್ಯಕ್ಷ ಮುಹಮ್ಮದ್ ನಶೀದ್ ಅಧಿಕಾರ ಕಳಕೊಂಡಾಗ, ತನ್ನನ್ನು ಬಲವಂತವಾಗಿ ಇಳಿಸಲಾಯಿತೆಂದು ಅವರು ಹೇಳುತ್ತಿರುವಾಗಲೇ ದೆಹಲಿ ಹೊಸ ಸರಕಾರವನ್ನು ತರಾತುರಿಯಲ್ಲಿ ಮಾನ್ಯ ಮಾಡಿತು. ಒಂದು ವರ್ಷದ ಬಳಿಕ ಅದೇ ನಶೀದ್ ಬಂಧನದಿಂದ ತಪ್ಪಿಸಿಕೊಳ್ಳಲು ಮಾಲೆಯ ಭಾರತೀಯ ಹೈಕಮಿಷನ್‌ನೊಳಗೆ 11 ದಿನ ಕುಳಿತರು. ಈ ನಡುವೆ 2012ರ ನವೆಂಬರ್‌ನಲ್ಲಿ ಮಾಲೆಯ ವಿಮಾನ ನಿಲ್ದಾಣದ ಗುತ್ತಿಗೆ ಬೆಂಗಳೂರು ಮೂಲದ ಜಿಎಂಆರ್ ಸಂಸ್ಥೆಯ ಕೈತಪ್ಪಿತು. ಅಧ್ಯಕ್ಷರ ವಕ್ತಾರನೊಬ್ಬ ಬಹಿರಂಗ ಸಭೆಯಲ್ಲಿ ಭಾರತದ ಹೈಕಮಿಷನರರನ್ನು ದೇಶದ್ರೋಹಿ ಎಂಬಂತೆ ಹಳಿದ. ಒಂದು ದೇಶದ ಚುನಾವಣಾ ರಾಜಕೀಯದ ಕೇಂದ್ರದಲ್ಲಿ ಇನ್ನೊಂದು ದೇಶದ ರಾಯಭಾರಿ ನಿಂತಿದ್ದಾನೆಂದರೆ ಎರಡೂ ಕಡೆ ಏನೋ ಕೆಟ್ಟಿದೆ ಎಂದೇ ಅರ್ಥ.

ಆ ಕೇಡು ಪರಾಕಾಷ್ಠೆಗೆ ತಲುಪಿದ್ದು 2024ರ ಜನವರಿಯಲ್ಲಿ. ಮಾಲ್ದೀವ್ಸ್‌ನ ಮೂವರು ಉಪಸಚಿವರು ಭಾರತದ ಪ್ರಧಾನಿಯನ್ನು ಹೀನವಾಗಿ ನಿಂದಿಸಿದರು. ಅದು ಖಂಡನಾರ್ಹ, ಅವರ ಸರಕಾರವೇ ಅವರನ್ನು ಅಮಾನತುಗೊಳಿಸಿತು, ದೆಹಲಿ ರಾಯಭಾರಿಯನ್ನು ಕರೆಸಿ ಪ್ರತಿಭಟಿಸಿತು. ರಾಜತಾಂತ್ರಿಕತೆ ಇರುವುದೇ ಇದಕ್ಕಾಗಿ, ವಿಷಯ ಅಲ್ಲಿಗೆ ಮುಗಿಯಬೇಕಿತ್ತು. ಆದರೆ ನಮ್ಮ ಟಿವಿ ಚರ್ಚೆಗಳೂ ಸಾಮಾಜಿಕ ಜಾಲತಾಣಗಳೂ ಇಡೀ ಜನತೆಯ ಮೇಲೆ ಬಹಿಷ್ಕಾರ ಸಾರಿದವು. ಮೂವರ ನಾಲಗೆಗೆ ಐದು ಲಕ್ಷ ಮಂದಿ ದಂಡ ತೆರಬೇಕೆನ್ನುವುದು ಯಾವ ನ್ಯಾಯ? ಒಬ್ಬ ಮಾಡಿದ ತಪ್ಪಿಗೆ ಅವನ ಸಮುದಾಯವನ್ನೇ ಕಟಕಟೆಯಲ್ಲಿ ನಿಲ್ಲಿಸುವ ಈ ರೂಢಿಯ ಬಿಸಿ ಏನೆಂಬುದು ನಮಗೆ ಗೊತ್ತು.

ಹಾಗೆಯೇ ಮಾಲ್ದೀವ್ಸ್ ಮುಸ್ಲಿಮ್ ರಾಷ್ಟ್ರವೆಂಬ ಕಾರಣಕ್ಕೆ ಅಲ್ಲಿನ ರಾಜಕಾರಣಿಗಳ ಎಲ್ಲ ನಡೆಗೂ ತಲೆದೂಗುವವರೂ ನಮ್ಮ ನಡುವೆ ಇಲ್ಲದಿಲ್ಲ. ಅವರಿಗೂ ಒಂದು ಮಾತು ಹೇಳಬೇಕಾಗಿದೆ. 'ಇಂಡಿಯಾ ಔಟ್' ಎಂಬ ಘೋಷಣೆ ಸ್ವಾಭಿಮಾನದ ಮಾತಾಗಿದ್ದರೆ ಅದು ಚೀನಾದ ಸಾಲಕ್ಕೂ ಅನ್ವಯವಾಗಬೇಕಿತ್ತು. ಆಗಲಿಲ್ಲ. 2024ರ ಮೇ ಹೊತ್ತಿಗೆ ಭಾರತದ ಸೈನಿಕರು ಮರಳಿದರು; ಅವರು ನೋಡಿಕೊಳ್ಳುತ್ತಿದ್ದ ವಿಮಾನ, ಹೆಲಿಕಾಪ್ಟರ್‌ಗಳಿಗೆ ಭಾರತದಿಂದಲೇ ನಾಗರಿಕ ತಂತ್ರಜ್ಞರು ಬಂದರು. ಅದೇ ವರ್ಷ ಅಕ್ಟೋಬರ್‌ನಲ್ಲಿ ಅಧ್ಯಕ್ಷ ಮುಯಿಝ್ಝು ದೆಹಲಿಗೆ ಬಂದು 40 ಕೋಟಿ ಡಾಲರ್ ಮತ್ತು 3,000 ಕೋಟಿ ರೂಪಾಯಿಗಳ ಕರೆನ್ಸಿ ವಿನಿಮಯದ ನೆರವು ಪಡೆದರು. 2025ರ ಜುಲೈಯಲ್ಲಿ, ಮಾಲ್ದೀವ್ಸ್ ಸ್ವಾತಂತ್ರ್ಯದ 60ನೇ ವರ್ಷಾಚರಣೆಗೆ ಅತಿಥಿಯಾಗಿ ಹೋದವರು ಅದೇ ಭಾರತದ ಪ್ರಧಾನಿ. ಹಾಗಾದರೆ ಆ ಘೋಷಣೆಯಿಂದ ಗೆದ್ದದ್ದು ಯಾರು? ಮತ ಪಡೆದವರು. ಸೋತದ್ದು ಯಾರು? ಬಹಿಷ್ಕಾರಕ್ಕೆ ಸಿಲುಕಿದ ಬಡ ದ್ವೀಪವಾಸಿಗಳು.

ರಾಯಭಾರಿಯ ಕೆಲಸ ಮಾತು ತಲುಪಿಸುವುದು, ಹಾಗೆಯೇ ಮಾತು ಕೇಳಿ ಬರುವುದು. ಕೇಳುವ ಅರ್ಧಭಾಗವನ್ನು ದೊಡ್ಡ ರಾಷ್ಟ್ರಗಳು ಮರೆತಿವೆ. ಕಡಲಮಟ್ಟ ಏರಿದರೆ ತಮ್ಮ ನೆಲವೇ ಇಲ್ಲವಾಗುತ್ತದೆಂದು ಮಾಲ್ದೀವ್ಸ್ 2009ರಲ್ಲಿ ಸಮುದ್ರದಾಳದಲ್ಲಿ ಸಚಿವ ಸಂಪುಟ ಸಭೆ ನಡೆಸಿ ಜಗತ್ತನ್ನು ಎಚ್ಚರಿಸಿತು. ಅದನ್ನು ಆಲಿಸಿದವರೆಷ್ಟು, ಬಂದರು ಮತ್ತು ನೌಕಾನೆಲೆಯ ಲೆಕ್ಕ ಹಾಕಿದವರೆಷ್ಟು?

2024ರ ಜಂಟಿ ಹೇಳಿಕೆಯಲ್ಲಿ ಬೆಂಗಳೂರಿನಲ್ಲಿ ಮಾಲ್ದೀವ್ಸ್‌ನ ಮತ್ತು ಅಡ್ಡುವಿನಲ್ಲಿ ಭಾರತದ ಕಾನ್ಸುಲೇಟ್ ತೆರೆಯುವ ಪ್ರಸ್ತಾಪವಿದೆ. ನಾವು ಇದನ್ನು ಸ್ವಾಗತಿಸುತ್ತೇವೆ, ಆದರೆ ಒಂದು ಷರತ್ತಿನೊಂದಿಗೆ. ಆ ಕಚೇರಿಗಳು ರೋಗಿಗೆ, ವಿದ್ಯಾರ್ಥಿಗೆ, ಮೀನುಗಾರನಿಗೆ, ಸಣ್ಣ ವ್ಯಾಪಾರಿಗೆ ಬಾಗಿಲು ತೆರೆಯಲಿ. ನೆರವಿನ ಮತ್ತು ಸಾಲದ ಕರಾರುಗಳು ಎರಡೂ ದೇಶಗಳ ಜನರ ಮುಂದೆ ಬಹಿರಂಗವಾಗಲಿ. ನೆರೆಮನೆ ಚಿಕ್ಕದೆಂಬ ಕಾರಣಕ್ಕೆ ಬಾಗಿಲು ತಟ್ಟದೆ ಒಳನುಗ್ಗುವ ಹಕ್ಕು ಯಾರಿಗೂ ಇಲ್ಲ. ಬೀಜಿಂಗಿಗೂ ಇಲ್ಲ, ವಾಷಿಂಗ್ಟನ್ನಿಗೂ ಇಲ್ಲ, ನಮ್ಮ ದೆಹಲಿಗೂ ಇಲ್ಲ.